ನಾಟಕ ಕಂಪನಿ ಸೇರಲಾ, ರಸಮಂಜರಿ ನಿರೂಪಣೆಯಲ್ಲೇ ಇರಲಾ?

ಮುಧೋಳದ_ಹುಡುಗಿ
ಎಲ್ಲರಿಗೂ ನಮಸ್ಕಾರ. ನನಗೆ 23, ಬಿ.ಎ. ಮುಗಿದಿದೆ. ಮೂರು ವರ್ಷದಿಂದ ನಮ್ಮ ಕಡೆ ಗಣಪತಿ ಹಬ್ಬ, ಜಾತ್ರೆಗಳ ರಸಮಂಜರಿಯಲ್ಲಿ ನಿರೂಪಣೆ ಮಾಡುತ್ತೇನೆ, ನಡುವೆ ಎರಡು ಹಾಡನ್ನೂ ಹೇಳುತ್ತೇನೆ. ಈ ಸಲ ಬಾದಾಮಿ ಬನಶಂಕರಿ ಜಾತ್ರೆಯಲ್ಲಿ ಒಂದು ಕಂಪನಿಯವರು ನನ್ನ ಹಾಡು ಕೇಳಿ "ನಾಯಕಿ ಪಾರ್ಟು ಮಾಡ್ತೀಯೇನು" ಎಂದು ಕರೆದರು. ಊಟ, ವಸತಿ ಅವರದೇ. ಆದರೆ ವರ್ಷಪೂರ್ತಿ ಕ್ಯಾಂಪ್ ಮೇಲೆ ಕ್ಯಾಂಪ್. ಅವ್ವ "ನಾಟಕದವಳನ್ನ ಯಾರು ಮದುವೆ ಆಗ್ತಾರೆ" ಅಂತ ಎರಡು ದಿನದಿಂದ ಮಾತು ಬಿಟ್ಟಿದ್ದಾಳೆ. ರಸಮಂಜರಿಗೆ ಮಾತ್ರ ಅವಳ ತಕರಾರಿಲ್ಲ, ಯಾಕಂದ್ರೆ ಬೆಳಗಾಗುವುದರೊಳಗೆ ಮನೆಯಲ್ಲಿರುತ್ತೇನೆ! ಕಂಪನಿಯಲ್ಲಿ ಇದ್ದು ಬಂದವರು ನಿಜ ಹೇಳಿ.

ಹಳೇ_ನಾಯಕಿ
ತಂಗಿ, ನಾನು ಹದಿನಾಲ್ಕು ವರ್ಷ ಕಂಪನಿಯಲ್ಲಿದ್ದೆ. ಮೊದಲು, ಬನಶಂಕರಿ ನೋಡಿ ಮರುಳಾಗಬೇಡ. ಬನದ ಹುಣ್ಣಿಮೆಗೆ ತೇರು ಎಳೆದ ಮೇಲೂ ವಾರಗಟ್ಟಲೆ ಜನ ಬರುತ್ತಲೇ ಇರುತ್ತಾರೆ, ಪಕ್ಕಪಕ್ಕದಲ್ಲೇ ಎಷ್ಟೋ ಕಂಪನಿಗಳ ಟೆಂಟು, ಒಂದೇ ರಾತ್ರಿ ಒಂದರ ಹಿಂದೆ ಒಂದು ಆಟ. ಆ ದುಡ್ಡಿನಲ್ಲೇ ಮಾಲೀಕರು ಮಳೆಗಾಲದ ಸಾಲ ತೀರಿಸುವುದು. ನಿನ್ನ ಸಂಬಳದ ಮಾತು ಆಡಬೇಕಾದ್ದು ಜುಲೈ ತಿಂಗಳದ್ದು. ತಗಡಿನ ಮೇಲೆ ಮಳೆ ಬಡಿಯುತ್ತಿರುತ್ತದೆ, ಒಳಗೆ ಮೂವತ್ತು ಮಂದಿ ಕೂತಿರುತ್ತಾರೆ. ಆಟ ರದ್ದಾದ ದಿನ ಸಂಬಳ ಉಂಟಾ ಇಲ್ವಾ? ಇದನ್ನು ಮೊದಲೇ ಕೇಳು. ನನಗೆ ಒಂದು ಕಡೆ ಇಡೀ ಕ್ಯಾಂಪಿನ ದುಡ್ಡು ಇವತ್ತಿಗೂ ಬಂದಿಲ್ಲ.

ಇನ್ನೊಂದು, ಹಾಸ್ಯದ ಸೀನಿನಲ್ಲಿ ನಿನ್ನ ಮಾತು ಏನೇನಿದೆ ಅಂತ ಓದಿಸಿಕೋ. ಹಾಸ್ಯನಟ ಅಲ್ಲೇ ಹುಟ್ಟಿಸಿ ಹೇಳುವ ಡಬಲ್ ಮೀನಿಂಗ್ ಪುಸ್ತಕದಲ್ಲಿ ಇರುವುದಿಲ್ಲ, ಅದಕ್ಕೆ ನೀನು ಸುಮ್ನೆ ನಗುತ್ತಾ ನಿಲ್ಲಬೇಕು. ನನಗೆ ಅದೇ ಸಾಕಾಗಿ ಬಿಟ್ಟೆ. ಹಾಗಂತ ಕಂಪನಿ ಕಲಿಸಿದ್ದನ್ನು ಇನ್ನೆಲ್ಲೂ ಕಲಿಯುತ್ತಿರಲಿಲ್ಲ. ಒಂದೇ ನಾಟಕ ನೂರು ಸಲ ಆಡು, ಯಾವ ಮಾತಿಗೆ ಮುಂಚೆ ಎಷ್ಟು ಹೊತ್ತು ಸುಮ್ಮನಿದ್ದರೆ ಹಿಂದಿನ ಸಾಲೂ ನಗುತ್ತದೆ ಅಂತ ಮೈಗೇ ಗೊತ್ತಾಗಿಬಿಡುತ್ತದೆ.

ಪೇಟಿ_ಮಾಸ್ತರ_ಬೈಲಹೊಂಗಲ
ಎರಡೇ ದಾರಿ ಯಾಕವ್ವಾ? ನಮ್ಮ ಬೆಳಗಾವಿ ಕಡೆ ಜಾತ್ರೆಗೆ ಊರ ಹುಡುಗರೇ ನಾಟಕ ಆಡುತ್ತಾರೆ, ಹೆಣ್ಣು ಪಾರ್ಟಿಗೆ ಹೊರಗಿನ ಕಲಾವಿದೆಯರನ್ನು ಮುಂಗಡ ಕೊಟ್ಟು ಕರೆಸುತ್ತಾರೆ. ಮಾತು ಬಾಯಿಪಾಠ ಮಾಡಿಕೊಂಡು ಹೋಗಬೇಕು, ಒಂದೋ ಎರಡೋ ತಾಲೀಮು, ರಾತ್ರಿ ಶುರುವಾದದ್ದು ಮುಗಿಯುವುದು ಬೆಳಗಿನ ಜಾವ. ಹೀರೋ ಮಾತು ಮರೆತರೆ ಅದನ್ನೂ ನೀನೇ ಎತ್ತಿ ಕೊಡಬೇಕು. ನೀನು ಗಂಡ ಸತ್ತ ಅಂತ ಅಳುತ್ತಿರುವಾಗಲೇ ಆಟ ನಿಲ್ಲಿಸಿ ಯಾರೋ ಆಯೇರಿ (ಉಡುಗೊರೆ) ಮಾಡುತ್ತಾರೆ, ಅವರ ಹೆಸರು ಮೈಕಿನಲ್ಲಿ ಕೂಗುತ್ತಾರೆ, ಆಮೇಲೆ ಬಿಟ್ಟಲ್ಲಿಂದ ಅಳಬೇಕು. ನಿರೂಪಣೆ ಮಾಡಿದವಳಿಗೆ ಇದು ಸಲೀಸು.

ಆದರೆ ಹಾಡು ಕಷ್ಟ. ರಸಮಂಜರಿಯಲ್ಲಿ ಕೀಬೋರ್ಡಿನವನು ಒಂದು ಗುಂಡಿ ಒತ್ತಿದರೆ ಶ್ರುತಿ ಬದಲಾಯಿತು. ಪೇಟಿಯ (ಹಾರ್ಮೋನಿಯಂ) ಮನೆಗಳ ಲೆಕ್ಕದಲ್ಲಿ ಹೇಳಿದರೆ, ನಾಟಕದ ಗಂಡಸರು ಕಪ್ಪು ಒಂದು, ಬಿಳಿ ಎರಡರ ಹತ್ತಿರ ಹಾಡುತ್ತಾರೆ, ಹೆಂಗಸರದು ಕಪ್ಪು ನಾಲ್ಕು, ಐದು. ಜೋಡಿ ಹಾಡು ಬಂದರೆ ನಾವು ಮಾಸ್ತರರು ಹೀರೋ ಶ್ರುತಿಯನ್ನೇ ಹಿಡಿಯುತ್ತೇವೆ. ನಾಟಕಕ್ಕೆ ಪಟ್ಟಿ (ವಂತಿಗೆ) ಹಾಕುವವನು ಅವನೇ ಅಲ್ವಾ? ನೀನು ಕೆಳಗೆ ಗೊಣಗಬೇಕು, ಇಲ್ಲಾ ಮೇಲೆ ಕಿರುಚಬೇಕು. ಇದಕ್ಕೇ ಎಷ್ಟೋ ಗಂಟಲು ಹಾಳಾಗಿವೆ. ತಾಲೀಮಿನಲ್ಲೇ ಜಗಳ ಮಾಡಿ ನಿನ್ನ ಶ್ರುತಿ ಕೇಳು.

ಗುಮ್ಮಟ_ನಗರಿ
ಅವ್ವನಿಗೆ ಬೀಳಗಿಯ ಅಕ್ಕ-ತಂಗಿಯರ ಕಥೆ ಹೇಳಿ. ಅಕ್ಕ ಗೋಹರಬಾಯಿ ಮರಾಠಿ ರಂಗಭೂಮಿಯ ದೊಡ್ಡ ಗಾಯಕ-ನಟ ಬಾಲಗಂಧರ್ವರ ಜೊತೆ ರಂಗದ ಮೇಲೆ ಹಾಡಿದವರು. ತಂಗಿ ಅಮೀರಬಾಯಿ ಕರ್ನಾಟಕಿ ಮುಂಬೈಗೆ ಹೋಗಿ ಸಿನಿಮಾದಲ್ಲಿ ನಟಿಸಿದರು, 1943ರ 'ಕಿಸ್ಮತ್'ನಲ್ಲಿ ಹಾಡಿ ದೇಶಕ್ಕೆಲ್ಲ ಗೊತ್ತಾದರು. ನಮ್ಮ ವಿಜಯಪುರದ ಅಮೀರ್ ಟಾಕೀಸ್ ಅವರ ಹೆಸರಿನದೇ. ಹಳೇ ಕಾಲದ್ದು ಬೇಡ ಅಂದ್ರೆ ಉಮಾಶ್ರೀ ಇದ್ದಾರಲ್ಲ. ನಾಟಕದಿಂದ ಬಂದವರು, 2013ರಲ್ಲಿ ತೇರದಾಳದಿಂದ ಗೆದ್ದು ಮಂತ್ರಿಯಾದರು. ನಿಮ್ಮ ಪಕ್ಕದ ಕ್ಷೇತ್ರ.

ಹಳೇ_ನಾಯಕಿ
ಅಣ್ಣಾ, ಮಂತ್ರಿ ಆದವರು ಒಬ್ಬರು. ಸಂಬಂಧ ಮುರಿದುಹೋದವರನ್ನು ನಾನು ಬಣ್ಣದ ಮನೆಯಲ್ಲಿ ಬಹಳ ನೋಡಿದ್ದೇನೆ, ಅವ್ವನ ಚಿಂತೆ ಸುಳ್ಳಲ್ಲ. ತಂಗಿ, ಅವಳನ್ನು ಒಂದು ಆಟಕ್ಕೆ ಕರೆದುಕೊಂಡು ಹೋಗು. ಮುಂದಿನ ಸಾಲಿನಲ್ಲಿ ಬೇಡ, ಒಳಗೇ ಕೂರಿಸು. ಮಗುವಿಗೆ ಎರಡು ತುತ್ತು ಹಾಕಿ ಓಡಿಹೋಗಿ ಪಾರ್ಟು ಮಾಡಿ ಬರುವವರನ್ನು ನೋಡಲಿ.

ಮುಧೋಳದ_ಹುಡುಗಿ
ಅಕ್ಕಾ, ಜುಲೈ ಸಂಬಳದ ಬಗ್ಗೆ ಫೋನ್ ಮಾಡಿ ಕೇಳಿದೆ. "ಮೊದಲು ಬಾರವ್ವ, ಆಮೇಲೆ ಮಾತಾಡೋಣ" ಅಂದರು. ಸದ್ಯಕ್ಕೆ ಹೋಗುತ್ತಿಲ್ಲ. ಮಾಸ್ತರರೇ, ನನ್ನದು ಕಪ್ಪು ನಾಲ್ಕು. ಯುಗಾದಿ ಆದ ಮೇಲೆ ನಿಮ್ಮ ಕಡೆ ನಾಟಕ ಇದ್ದರೆ ತಿಳಿಸಿ, ಅವ್ವನನ್ನೂ ಕರೆದುಕೊಂಡು ಬರುತ್ತೇನೆ. ಅವಳು ಮಾತಾಡಿದರೆ.