ಪಿತ್ತಕೋಶ ತೆಗೆಸಲು ರೋಬೋಟೋ, ಮಾಮೂಲಿ ಲ್ಯಾಪ್ರೋಸ್ಕೋಪಿಯೋ?

ಪ್ರಶ್ನೆ: ಅಮ್ಮನಿಗೆ 58 ವರ್ಷ, ಶುಗರ್ ಇದೆ. ಊಟವಾದ ಮೇಲೆ ಬಲಪಕ್ಕೆ ನೋವು ಬರುತ್ತಿತ್ತು. ಸ್ಕ್ಯಾನ್‌ನಲ್ಲಿ ಪಿತ್ತಕೋಶದ ಹರಳು ಕಂಡಿವೆ, ದೊಡ್ಡದು 14 ಮಿ.ಮೀ. ಕಾಮಾಲೆ ಇಲ್ಲ. ಒಬ್ಬ ಡಾಕ್ಟರು ರೋಬೋಟಿಕ್ ಒಳ್ಳೆಯದು ಅಂದರು, ಇನ್ನೊಬ್ಬರು ಲ್ಯಾಪ್ರೋಸ್ಕೋಪಿ ಸಾಕು ಅಂದರು. ಖರ್ಚಿನಲ್ಲಿ ಬಹಳ ವ್ಯತ್ಯಾಸ. ತಿಳಿದವರು ದಯವಿಟ್ಟು ಹೇಳಿ.

ಉತ್ತರ 1 (ಸರ್ಜನ್): ರೋಬೋಟ್ ತಾನಾಗಿ ಏನನ್ನೂ ಕೊಯ್ಯುವುದಿಲ್ಲ. ಡಾಕ್ಟರು ಪಕ್ಕದ ಕನ್ಸೋಲ್‌ನಲ್ಲಿ ಕೂತು ಕೈ ಆಡಿಸಿದಂತೆ ಅದರ ತೋಳು ಆಡುತ್ತದೆ. ಎರಡೂ ಕೀಹೋಲ್ ಆಪರೇಷನ್ನೇ, ಎರಡಕ್ಕೂ ಹೊಟ್ಟೆಗೆ ಗ್ಯಾಸ್ ತುಂಬಬೇಕು, ಸಾಮಾನ್ಯವಾಗಿ ನಾಲ್ಕು ತೂತು ಬೇಕು. ಲ್ಯಾಪ್ರೋಸ್ಕೋಪಿಯಲ್ಲಿ ಹೆಚ್ಚಾಗಿ 10 ಮಿ.ಮೀ.ನವು ಎರಡು, 5ರವು ಎರಡು. ರೋಬೋಟ್‌ನಲ್ಲಿ ಬಹುತೇಕ 8 ಮಿ.ಮೀ.ನವು. ಹಾಗಾಗಿ ‘ಗಾಯ ಚಿಕ್ಕದು’ ಎಂಬ ಮಾತನ್ನು ನೆಚ್ಚಿಕೊಂಡು ದುಡ್ಡು ಕಟ್ಟಬೇಡಿ.

ನಿಜವಾದ ಅಪಾಯ ಇರುವುದು ಪಿತ್ತಕೋಶದ ಕತ್ತಿನಲ್ಲಿ. ಅಲ್ಲಿಂದ ಹೊರಡುವ ಸಣ್ಣ ನಾಳ ಲಿವರ್‌ನಿಂದ ಕರುಳಿಗೆ ಹೋಗುವ ಮುಖ್ಯ ಪಿತ್ತನಾಳಕ್ಕೆ ಸೇರುತ್ತದೆ. ಊದಿಕೊಂಡು ಎಲ್ಲ ಅಂಟಿಕೊಂಡಿದ್ದಾಗ ಮುಖ್ಯ ನಾಳವನ್ನೇ ಸಣ್ಣದೆಂದು ತಿಳಿದು ಕ್ಲಿಪ್ ಹಾಕಿ ಕತ್ತರಿಸಿಬಿಡುವುದೇ ಈ ಆಪರೇಷನ್ನಿನ ದೊಡ್ಡ ಅನಾಹುತ. ಇದನ್ನು ತಪ್ಪಿಸಲು 1995ರಲ್ಲಿ ಸ್ಟ್ರಾಸ್‌ಬರ್ಗ್ ಎಂಬ ಸರ್ಜನ್ ‘ಕ್ರಿಟಿಕಲ್ ವ್ಯೂ’ ಎಂಬ ನಿಯಮ ಕೊಟ್ಟರು. ಸಣ್ಣ ನಾಳ, ಮುಖ್ಯ ನಾಳ, ಲಿವರ್ ಇವುಗಳ ನಡುವಿನ ತ್ರಿಕೋನದ ಕೊಬ್ಬು, ನಾರು ಪೂರ್ತಿ ಬಿಡಿಸಬೇಕು; ಪಿತ್ತಕೋಶದ ಕೆಳಗಿನ ಮೂರನೇ ಒಂದು ಭಾಗ ಲಿವರ್‌ನಿಂದ ಬೇರೆಯಾಗಬೇಕು; ಪಿತ್ತಕೋಶಕ್ಕೆ ಎರಡೇ ಎರಡು ಎಳೆ, ಒಂದು ನಾಳ ಒಂದು ರಕ್ತನಾಳ, ಹೋಗುವುದು ಕಣ್ಣಿಗೆ ಕಾಣಬೇಕು. ಅದು ಕಾಣುವವರೆಗೆ ಕ್ಲಿಪ್ ಮುಟ್ಟಬಾರದು. ಕಾಣದೇ ಹೋದರೆ ಕತ್ತನ್ನು ಬಿಟ್ಟು ಅರ್ಧ ತೆಗೆಯುವುದು ಅಥವಾ ಹೊಟ್ಟೆ ತೆರೆಯುವುದು ಜಾಣತನ, ಸೋಲಲ್ಲ. ‘ಕ್ರಿಟಿಕಲ್ ವ್ಯೂ ಸಿಗದಿದ್ದರೆ ಏನು ಮಾಡ್ತೀರಿ ಸರ್?’ ಅಂತ ಇಬ್ಬರು ಡಾಕ್ಟರನ್ನೂ ಕೇಳಿ. ತಡವರಿಸದೆ ಉತ್ತರಿಸುವವರನ್ನು ಆರಿಸಿಕೊಳ್ಳಿ.

ಉತ್ತರ 2 (ಲಿವರ್ ವಿಭಾಗ): ಮೇಲಿನವರ ಮಾತಿಗೆ ಒಂದು ಅಂಕಿ ಸೇರಿಸುತ್ತೇನೆ. ಅಮೆರಿಕದ ಮೆಡಿಕೇರ್‌ನ (ಮುಖ್ಯವಾಗಿ ವಯಸ್ಸಾದವರಿಗಿರುವ ಸರ್ಕಾರಿ ಆರೋಗ್ಯ ವಿಮೆ) 10 ಲಕ್ಷಕ್ಕೂ ಹೆಚ್ಚು ರೋಗಿಗಳ ದಾಖಲೆ ನೋಡಿದ, 2023ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಪಿತ್ತನಾಳದ ಗಾಯ ರೋಬೋಟ್‌ನಲ್ಲಿ ಸಾವಿರಕ್ಕೆ ಸುಮಾರು 7, ಲ್ಯಾಪ್ರೋಸ್ಕೋಪಿಯಲ್ಲಿ 2. ಇದು ಚೀಟಿ ಎತ್ತಿ ರೋಗಿಗಳನ್ನು ಹಂಚಿದ ಪ್ರಯೋಗವಲ್ಲ, ಆದ್ದರಿಂದ ಕೊನೆಯ ಮಾತೂ ಅಲ್ಲ. ಆದರೂ ‘ರೋಬೋಟ್ ಹೆಚ್ಚು ಸುರಕ್ಷಿತ’ ಅನ್ನಲು ಆಧಾರ ಇಲ್ಲ ಅನ್ನುವುದಂತೂ ಸ್ಪಷ್ಟ. ರೋಬೋಟ್‌ನ ಬಲ ಬೇರೆ ಕಡೆ ಇದೆ: ಮಣಿಕಟ್ಟಿನಂತೆ ತಿರುಗುವ ಉಪಕರಣ, ಮೂರು ಆಯಾಮದ ನೋಟ. ಒಳಗೆ ಹೊಲಿಗೆ ಹಾಕಬೇಕಾದ ಕ್ಲಿಷ್ಟ ಕೇಸಿಗೆ ಅದು ಉಪಯೋಗ. ಕ್ಯಾಮೆರಾದಲ್ಲಿ ನಾಳ ಹಸಿರಾಗಿ ಹೊಳೆಯುವಂತೆ ಮಾಡುವ ಐ.ಸಿ.ಜಿ. ಔಷಧ ಈಗ ಹಲವು ಲ್ಯಾಪ್ರೋಸ್ಕೋಪಿ ಕ್ಯಾಮೆರಾಗಳಲ್ಲೂ ಬಳಕೆಯಾಗುತ್ತದೆ.

ಆಪರೇಷನ್ನಿಗೆ ಮೊದಲು ಬಿಲಿರುಬಿನ್, ಎ.ಎಲ್.ಪಿ. ಎಂಬ ರಕ್ತಪರೀಕ್ಷೆ ಮಾಡಿಸಿ. ಅವು ಏರಿದ್ದರೆ ಅಥವಾ ಸ್ಕ್ಯಾನ್‌ನಲ್ಲಿ ಮುಖ್ಯ ನಾಳ ಹಿಗ್ಗಿದ್ದರೆ ಎಂ.ಆರ್.ಸಿ.ಪಿ. (ಪಿತ್ತನಾಳದ ಎಂ.ಆರ್.ಐ. ಸ್ಕ್ಯಾನ್) ಆಗಬೇಕು, ನಾಳದಲ್ಲೂ ಹರಳಿದ್ದರೆ ದಾರಿಯೇ ಬೇರೆ.

ಉತ್ತರ 3 (ಅರಿವಳಿಕೆ): ಅಮ್ಮನವರು ಶುಗರ್‌ಗೆ ಡಾಪಾಗ್ಲಿಫ್ಲೋಜಿನ್ ಅಥವಾ ಎಂಪಾಗ್ಲಿಫ್ಲೋಜಿನ್ ತಗೊಳ್ತಿದ್ದರೆ ಮೊದಲೇ ಹೇಳಿ. ಸಾಮಾನ್ಯವಾಗಿ 3 ದಿನ ಮುಂಚೆ ನಿಲ್ಲಿಸುತ್ತೇವೆ. ನಿಲ್ಲಿಸದೆ ಉಪವಾಸ ಇರಿಸಿದರೆ, ಶುಗರ್ ರೀಡಿಂಗ್ ಹೆಚ್ಚಿಲ್ಲದೆಯೂ ರಕ್ತದಲ್ಲಿ ಕೀಟೋನ್ ಎಂಬ ಆಮ್ಲ ಅಪಾಯದ ಮಟ್ಟಕ್ಕೆ ಏರಬಹುದು. ಎರಡು ವಿಧಾನದಲ್ಲೂ ಉಳಿದ ಗ್ಯಾಸ್ ವಪೆಯನ್ನು (ಎದೆ, ಹೊಟ್ಟೆ ನಡುವಿನ ಪರದೆ) ಕೆರಳಿಸಿ ಒಂದೆರಡು ದಿನ ಭುಜ ನೋಯುತ್ತದೆ, ಗಾಬರಿ ಬೇಡ. ಜ್ವರ, ಹಳದಿ ಕಣ್ಣು, ದಿನದಿನಕ್ಕೆ ಹೆಚ್ಚುವ ಹೊಟ್ಟೆನೋವು ಬಂದರೆ ಮಾತ್ರ ರಾತ್ರಿಯಾದರೂ ಕಾಯದೆ ಆಸ್ಪತ್ರೆಗೆ ಹೋಗಿ.

ಉತ್ತರ 4 (ವಿಮೆ ಡೆಸ್ಕ್): ಖರ್ಚು ಏರುವುದು ಯಂತ್ರದ ಬಾಡಿಗೆ, ಇಷ್ಟೇ ಸಲ ಬಳಸಬೇಕೆಂದು ಲೆಕ್ಕ ಇರುವ ಉಪಕರಣ, ತೋಳು ಜೋಡಿಸುವ ಹೆಚ್ಚಿನ ಓಟಿ ಸಮಯ, ಇವುಗಳಿಂದ. ಪಾಲಿಸಿಯಲ್ಲಿ ‘ಆಧುನಿಕ ಚಿಕಿತ್ಸೆ’ ಎಂಬ ಕಲಂ ಹುಡುಕಿ. ವಿಮಾ ನಿಯಂತ್ರಣ ಸಂಸ್ಥೆ ಐ.ಆರ್.ಡಿ.ಎ.ಐ.ನ 2019ರ ಪಟ್ಟಿಯಲ್ಲಿ ರೋಬೋಟಿಕ್ ಇದೆ, ಆದರೆ ಕಂಪನಿ ಅದಕ್ಕೆ ಮಿತಿ ಹಾಕಿರಬಹುದು. ಮಿತಿ ಮೀರಿದ್ದು ನಿಮ್ಮ ಕೈಯಿಂದ. ಅಡ್ಮಿಟ್ ಆಗುವ ಮೊದಲೇ ಲಿಖಿತ ಅಂದಾಜು ತಗೊಂಡು ಪ್ರೀ-ಆಥ್ (ವಿಮಾ ಕಂಪನಿಯ ಮುಂಗಡ ಒಪ್ಪಿಗೆಗೆ ಅರ್ಜಿ) ಕಳಿಸಿ.