ಬೋರಿನ ನೀರು: ಕುದಿಸೂದೋ, ತಾಮ್ರದ ಕೊಡಾನೋ, ಆರ್‌ಓ ಮಷೀನೋ? ಅನುಭವ ಇದ್ದವರು ಹೇಳ್ರಿ

ಮುಂಡರಗಿ ತಾಲೂಕಿನಿಂದ: ನಮ್ಮ ಬೋರಿನ ನೀರು ಟೆಸ್ಟ್ ಮಾಡಿಸಿದ್ವಿ. ಫ್ಲೋರೈಡ್ ಲೀಟರಿಗೆ 2.8 ಮಿಲಿಗ್ರಾಂ, ಟಿಡಿಎಸ್ (ನೀರಾಗ ಕರಗಿದ ಒಟ್ಟು ಉಪ್ಪು) 1,100. ಕುದಿಸಿ ತಾಮ್ರದ ಕೊಡದಾಗ ಇಟ್ರ ಎಲ್ಲಾ ಹೋಗತೈತಿ ಅಂತಾರ ನಮ್ಮತ್ತಿ. ಮನ್ಯಾಗ ಸಣ್ಣ ಹುಡುಗರು ಅದಾರ. ಏನ್ ಮಾಡೂದ್ರಿ?

ಧಾರವಾಡ: ನಮ್ಮನ್ಯಾಗ ತಾಮ್ರದ ಕೊಡಾನ. ಒಮ್ಮೆ ರೊಕ್ಕ ಹಾಕಿದ್ರ ಮುಗೀತು, ಕರೆಂಟ್ ಬ್ಯಾಡ. ರಾತ್ರಿ ತುಂಬಿಟ್ರ ಬಹಳಷ್ಟು ಕ್ರಿಮಿ ಸಾಯತಾವ, ಸುಳ್ಳಲ್ಲ. ಆದ್ರ ಹುಣಸಿಹಣ್ಣು, ಉಪ್ಪು ಹಚ್ಚಿ ಒಳಗ ತಿಕ್ಕಬೇಕು. ಹಸರು ಕಿಲುಬು ಉಳೀತು ಅಂದ್ರ ಹೊಟ್ಟಿ ತೊಳಸತೈತಿ. ಲಿಂಬಿ ನೀರು, ಮಜ್ಜಿಗಿ ಅದರಾಗ ಇಡಲೇಬಾರದು.

ಗದಗ-ಬೆಟಗೇರಿ: ಅಲ್ರೀ, ಅವರು ಕೇಳಿದ್ದು ಫ್ಲೋರೈಡ್! ನಿಮ್ಮದು ಮಲಪ್ರಭಾ ನಳದ ನೀರು, ಅದಕ್ಕ ಕೊಡ ಸಾಲತೈತಿ. ಕರಗಿದ ಫ್ಲೋರೈಡಿಗೆ ತಾಮ್ರ ಏನೂ ಮಾಡೂದಿಲ್ಲ. ಕುದಿಸಿದ್ರಂತೂ ಹೆಚ್ಚಾಗತೈತಿ: 4 ಲೀಟರ್ ಬತ್ತಿ 3 ಆದ್ರ 2.8 ಇದ್ದದ್ದು 3.7. ಕುಡಿಯೂ ನೀರಿಗೆ ಮಿತಿ ಲೀಟರಿಗೆ 1.0 ಮಿಲಿಗ್ರಾಂ, ಬ್ಯಾರೆ ನೀರೇ ಇಲ್ಲಂದ್ರ 1.5. ಫ್ಲೋರೈಡ್ ತೆಗಿಯಾಕ ಆರ್‌ಓ, ಅಂದ್ರ ತೆಳು ಪೊರಿಯಿಂದ (ಮೆಂಬ್ರೇನ್) ನೀರು ಸೋಸೂ ಮಷೀನ್. ಅದಕ್ಕ ಖರ್ಚು ಐತಿ, ಮುಚ್ಚಿಡೂದಿಲ್ಲ: ನಮಗ ಮೆಂಬ್ರೇನ್ 2,200 ರೂಪಾಯಿ, ಸೆಡಿಮೆಂಟ್ ಮತ್ತ ಕಾರ್ಬನ್ ಫಿಲ್ಟರ್ ಕೂಡಿ 900, ಗಡಸು ನೀರಿಗೆ ಮೆಂಬ್ರೇನ್ ಮ್ಯಾಲ ಉಪ್ಪು ಕಟ್ಟತೈತಿ. ಅದಕಿಂತ ದೊಡ್ಡ ತಾಪತ್ರಯ ಟಿಡಿಎಸ್ ಕಂಟ್ರೋಲರ್. ರುಚಿ ಬರ್ಲಿ ಅಂತ ಸರ್ವಿಸ್ ಹುಡುಗ ಅದರ ಸ್ಕ್ರೂ ತಿರುವಿ ಹೋದ. ಅದು ಸೋಸಿದ ನೀರಿಗೆ ಹಸಿ ನೀರು ಕೂಡಸತೈತಿ. ನಿಮ್ಮ ನೀರಿನಾಗ ಕಾಲು ಪಾಲು ಕೂಡಿದ್ರ 0.7 ಫ್ಲೋರೈಡ್ ಅಲ್ಲೇ ವಾಪಸ್ ಬಂತು. ಪೂರ್ತಿ ಬಂದ್ ಮಾಡಿಸ್ರಿ. ಟಿಡಿಎಸ್ ಮೀಟರಿನಾಗ ಫ್ಲೋರೈಡ್ ಕಾಣೂದಿಲ್ಲ, ಸೋಸಿದ ನೀರನ್ನೂ ಲ್ಯಾಬಿಗೆ ಕೊಡ್ರಿ.

ಧಾರವಾಡ: ಆರ್‌ಓದಾಗ ಒಂದು ಕೊಡ ಸೋಸಾಕ ಎರಡು ಮೂರು ಕೊಡ ಗಟಾರಕ್ಕ ಚೆಲ್ಲವರು ನಮಗ ಪಾಠ ಹೇಳಬ್ಯಾಡ್ರಿ. ಬರಗಾಲದ ಊರಾಗ ಇದೇನು ರೀತಿ?

ಗದಗ-ಬೆಟಗೇರಿ: ಯಾರ್ ಚೆಲ್ಲತಾರ್ರೀ? ನೆಲ ಒರಸಾಕ, ಸಂಡಾಸಕ್ಕ ಅದನ್ನ ಬಳಸತೇವಿ. ಕುಂಡ್ಯಾನ ಗಿಡಕ್ಕ ಹಾಕೂದಿಲ್ಲ ಅಷ್ಟ, ಉಪ್ಪಿಗೆ ಎಲಿ ಸುಡತಾವ.

ರಾಣೆಬೆನ್ನೂರು: ಅಡಿಗಿ ನೀರಿನ ಮಾತು ಒಬ್ಬರೂ ಎತ್ತಲಿಲ್ಲ! ಕುಡ್ಯಾಕ ಆರ್‌ಓ, ಬ್ಯಾಳಿ, ಅನ್ನ, ಚಾಕ್ಕ ಬೋರಿನ ನೀರು ಅಂದ್ರ ಫ್ಲೋರೈಡ್ ಊಟದ ಕೂಡ ಒಳಗ ಹೋಗತೈತಿ. ನಾವು ಎರಡಕ್ಕೂ ಶುದ್ಧ ನೀರಿನ ಘಟಕದ ಕ್ಯಾನ್ ತರತೇವಿ. ಮಷೀನ್ ರಗಳೀನ ಇಲ್ಲ.

ಗದಗ-ಬೆಟಗೇರಿ: ರಗಳಿ ಇಲ್ಲ ಅಂತೀರಿ, ಆ ಘಟಕದ ಮೆಂಬ್ರೇನ್ ಯಾವಾಗ ಬದಲಿಸ್ಯಾರ ಕೇಳೀರೇನು?

ರಾಣೆಬೆನ್ನೂರು: ಕೇಳೇನ್ರೀ. ಪಂಚಾಯ್ತಿಯವರ ಕಿಟ್‌ನಿಂದ ಫ್ಲೋರೈಡ್ ನೋಡಿಸೇನಿ. ನೀವು ನಿಮ್ಮ ಸ್ಕ್ರೂ ನೋಡ್ಕೋರಿ.