ಬಗ್ಸ್ ಬನ್ನಿ ಮತ್ತು ಡ್ಯಾಫಿ ಒಂದೇ ಮನೆಯಲ್ಲಿ: ಮಕ್ಕಳಿಗೆ ತೋರಿಸಬಹುದೇ?
ಆತ್ಮೀಯರೇ, 2011ರಲ್ಲಿ ಅಮೆರಿಕದ ಕಾರ್ಟೂನ್ ನೆಟ್‌ವರ್ಕ್ ವಾಹಿನಿಯಲ್ಲಿ ಆರಂಭವಾದ ‘ದಿ ಲೂನಿ ಟ್ಯೂನ್ಸ್ ಶೋ’ ಸರಣಿಯನ್ನು ಮಕ್ಕಳಿಗೆ ತೋರಿಸಬಹುದೇ ಎಂದು ಕೇಳಿದ್ದೀರಿ. ಖಂಡಿತ ತೋರಿಸಬಹುದು, ಆದರೆ ಮಕ್ಕಳನ್ನಷ್ಟೇ ಟಿ.ವಿ. ಮುಂದೆ ಕೂರಿಸದೆ ನೀವೂ ಜೊತೆಗೆ ಕುಳಿತು ನೋಡಿ ಎಂಬುದು ನನ್ನ ವಿನಂತಿ.

1940ರಿಂದ ನಾವು ಬಲ್ಲ ಬಗ್ಸ್ ಬನ್ನಿ ಎಂಬ ಮೊಲದ ಹಳೆಯ ಕಿರುಚಿತ್ರಗಳು ಏಳೆಂಟು ನಿಮಿಷಗಳವು. ಅಲ್ಲಿ ಬಂದೂಕು ಸಿಡಿದರೂ ಮುಂದಿನ ದೃಶ್ಯದಲ್ಲಿ ಎಲ್ಲವೂ ಮೊದಲಿನಂತೆಯೇ ಇರುತ್ತದೆ. ಸುಮಾರು 22 ನಿಮಿಷಗಳ ಹೊಸ ಕಂತುಗಳಲ್ಲಾದರೋ ಬಗ್ಸ್ ನಗರದ ಹೊರವಲಯದ ಬಡಾವಣೆಯಲ್ಲಿ ಮನೆ ಮಾಡಿಕೊಂಡಿದ್ದಾನೆ, ಬಾತುಕೋಳಿ ಗೆಳೆಯ ಡ್ಯಾಫಿ ಅವನ ಆಶ್ರಯದಲ್ಲಿ ಯಾವ ದುಡಿಮೆಯೂ ಇಲ್ಲದೆ ಕಾಲ ಕಳೆಯುತ್ತಿದ್ದಾನೆ, ಮತ್ತು ಕಥೆಯೆಲ್ಲ ಅವರ ಮಾತಿನಿಂದ, ಮುನಿಸಿನಿಂದ, ನೆರೆಹೊರೆಯ ಒಡನಾಟದಿಂದ ಬೆಳೆಯುತ್ತದೆ. ಮೊದಲ ಕಂತಿನ ರಸಪ್ರಶ್ನೆ ಕಾರ್ಯಕ್ರಮದಲ್ಲಿ ಆಪ್ತಮಿತ್ರನ ಬಗ್ಗೆ ಡ್ಯಾಫಿಗೆ ಏನೂ ತಿಳಿದಿಲ್ಲವೆಂಬುದು ಬಯಲಾಗುತ್ತದೆ. ಶಾಲೆಯಲ್ಲಿ ಹೊಸದಾಗಿ ಗೆಳೆಯರನ್ನು ಹುಡುಕಿಕೊಳ್ಳುತ್ತಿರುವ ಮಗುವಿಗೆ ಆ ನೋವು ಬೇಗ ಅರ್ಥವಾಗುತ್ತದೆ.

ವಲಸೆ ಬಂದ ನಮಗೆ ಮೆಕ್ಸಿಕೋದ ಇಲಿ ಸ್ಪೀಡಿ ಗೊನ್ಜಾಲೆಸ್‌ನ ಪಾತ್ರ ಹೆಚ್ಚು ಮುಖ್ಯವೆಂದು ನಾನು ಭಾವಿಸುತ್ತೇನೆ. ಮೆಕ್ಸಿಕೋದವರನ್ನು ಹಗುರವಾಗಿ ಚಿತ್ರಿಸುತ್ತವೆ ಎಂಬ ಕಾರಣಕ್ಕೆ ಅವನ ಹಳೆಯ ಚಿತ್ರಗಳನ್ನು 1999ರಲ್ಲಿ ಅದೇ ವಾಹಿನಿ ಪ್ರಸಾರದಿಂದ ಕೈಬಿಟ್ಟಿತ್ತು. ಹಿಸ್ಪಾನಿಕ್ (ಸ್ಪ್ಯಾನಿಷ್ ಭಾಷಿಕ ಮೂಲದ) ಅಭಿಮಾನಿಗಳೇ ಒತ್ತಾಯಿಸಿದ ಮೇಲೆ 2002ರಲ್ಲಿ ಅವು ಮರಳಿದವು. ಹೊಸ ಸರಣಿಯಲ್ಲಿ ಅವನು ಪಿಟ್ಜಾ ಅಂಗಡಿಯ ಮಾಲೀಕ, ಡ್ಯಾಫಿಗೆ ಬುದ್ಧಿ ಹೇಳಬಲ್ಲ ವಿವೇಕಿ. ತನ್ನ ಉಚ್ಚಾರಣೆಯನ್ನು ಬಿಟ್ಟುಕೊಡದೆಯೇ ಅವನು ಆ ಊರಿನವನಾಗಿದ್ದಾನೆ. ಮನೆಯಲ್ಲಿ ಒಂದು ಬಗೆ, ಶಾಲೆಯಲ್ಲಿ ಇನ್ನೊಂದು ಬಗೆ ಮಾತನಾಡುವ ನಮ್ಮ ಮಕ್ಕಳು ಇಂತಹ ಪಾತ್ರವನ್ನು ನೋಡಲೇಬೇಕು.

ಒಂದೆರಡು ಎಚ್ಚರಿಕೆಗಳೂ ಇವೆ. ಡ್ಯಾಫಿಯ ಸುಳ್ಳು, ಸೋಮಾರಿತನಗಳಿಗೆ ಪ್ರತಿ ಸಲವೂ ತಕ್ಕ ಶಾಸ್ತಿಯಾಗುವುದಿಲ್ಲ. ಪ್ರೇಮಪ್ರಸಂಗಗಳು ಆಗಾಗ ಬರುತ್ತವೆ. 1996ರ ‘ಸ್ಪೇಸ್ ಜ್ಯಾಮ್’ ಚಲನಚಿತ್ರದಲ್ಲಿ ಚುರುಕಿನ ಬ್ಯಾಸ್ಕೆಟ್‌ಬಾಲ್ ಆಟಗಾರ್ತಿಯಾಗಿದ್ದ ಹೆಣ್ಣು ಮೊಲ ಲೋಲಾ ಇಲ್ಲಿ ಬಗ್ಸ್‌ನ ಬೆನ್ನು ಬಿಡದ ವಾಚಾಳಿಯಾಗಿದ್ದಾಳೆ. ಅವಳ ಮಾತು ನಗಿಸುತ್ತದೆ ನಿಜ, ಆದರೂ ಹೆಣ್ಣುಮಕ್ಕಳ ತಾಯಿಯಾಗಿ ಆ ಬದಲಾವಣೆಯನ್ನು ನಾನು ಮನಸಾರೆ ಒಪ್ಪಲಾರೆ. ಎಂಟು ವರ್ಷ ತುಂಬಿದ ಮೇಲೆ ತೋರಿಸುವುದು ಮೇಲು.

ಎಲ್ಲಿಂದ ಆರಂಭಿಸಲಿ ಎಂದರೆ, ಗ್ರ್ಯಾನಿ ಎಂಬ ಅಜ್ಜಿ ಎರಡನೆಯ ಮಹಾಯುದ್ಧದ ಕಾಲದ ತನ್ನ ಸಾಹಸವನ್ನು ಡ್ಯಾಫಿಗೆ ಹೇಳುವ ಕಂತಿನಿಂದ ಆರಂಭಿಸಿ. ಅಜ್ಜಿಯನ್ನು ವಿಡಿಯೋ ಕರೆಯಲ್ಲಷ್ಟೇ ಕಾಣುವ ಮಕ್ಕಳಿಗೆ, ಆಕೆಗೂ ಒಂದು ಯೌವನವಿತ್ತು, ಅದರ ಬಗ್ಗೆ ಕನ್ನಡದಲ್ಲೇ ಕೇಳಿ ತಿಳಿಯಬಹುದು ಎಂದು ಸೂಚಿಸಲು ಅದಕ್ಕಿಂತ ಒಳ್ಳೆಯ ನೆಪ ನನಗೆ ಸಿಕ್ಕಿಲ್ಲ.